ಕಾನೂನು ಕಟ್ಟೆ: ದೆಹಲಿಯ ಒಂದನೇ ಕೋರ್ಟಿನ ಹಿರಿಯರು

ಮೇಲ್ಮನವಿಯ ಮೆಟ್ಟಿಲುಗಳ ಬಗ್ಗೆ ಕಳೆದ ಸಂಚಿಕೆಯಲ್ಲಿ ಬರೆಯುವಾಗ ಭಾರತದ ಮುಖ್ಯ ನ್ಯಾಯಮೂರ್ತಿಯವರ ಪ್ರಸ್ತಾಪ ಒಂದೇ ಸಾಲಿನಲ್ಲಿ ಬಂದುಹೋಗಿತ್ತು. ಆ ಒಂದು ಸಾಲನ್ನು ಹಿಡಿದು ಜಿಲ್ಲೆಯ ನಾನಾ ಕಡೆಗಳಿಂದ ಓದುಗರು ಬರೆದಿದ್ದಾರೆ. ಆಸ್ತಿ ವಿಭಾಗ, ಪೌತಿ ಖಾತೆಗಳ ಪ್ರಶ್ನೆಗಳನ್ನು ಮುಂದಿನ ಸಂಚಿಕೆಗೆ ಇಟ್ಟುಕೊಂಡು ಈ ಬಾರಿಯ ಪುಟವನ್ನು ಇದೊಂದೇ ವಿಷಯಕ್ಕೆ ಬಿಟ್ಟುಕೊಟ್ಟಿದ್ದೇನೆ.

ನಮ್ಮ ಒಕ್ಕದಲ್ಲಿ (ಕೊಡವ ಮನೆತನದಲ್ಲಿ) ವಯಸ್ಸಿನಲ್ಲಿ ಹಿರಿಯರಾದವರೇ ಪಟ್ಟೆದಾರರು, ಅಂದರೆ ಮನೆತನದ ಯಜಮಾನರು. ಭಾರತದ ಮುಖ್ಯ ನ್ಯಾಯಮೂರ್ತಿಯೂ ಹೀಗೆ ಹಿರಿತನದಿಂದಲೇ ಬರುತ್ತಾರೆಂದು ಕೇಳಿದ್ದೇನೆ. ಸಂವಿಧಾನದಲ್ಲಿ ಹಾಗೆ ಬರೆದಿದೆಯೇ?
(ನಿವೃತ್ತ ಶಿಕ್ಷಕರು, ವಿರಾಜಪೇಟೆ)

ಬರೆದಿಲ್ಲ. ಸಂವಿಧಾನದ 124ನೆಯ ವಿಧಿಯು ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಗಳನ್ನು ರಾಷ್ಟ್ರಪತಿಗಳು ನೇಮಿಸುತ್ತಾರೆಂದೂ ಅವರು 65 ವರ್ಷ ತುಂಬುವವರೆಗೆ ಅಧಿಕಾರದಲ್ಲಿರುತ್ತಾರೆಂದೂ ಹೇಳುತ್ತದೆಯೇ ಹೊರತು, ಅವರಲ್ಲಿ ಹಿರಿಯರೇ ಮುಖ್ಯ ನ್ಯಾಯಮೂರ್ತಿಯಾಗಬೇಕೆಂದು ಎಲ್ಲಿಯೂ ವಿಧಿಸುವುದಿಲ್ಲ. ಅದು ರೂಢಿಯಿಂದ ಬಂದದ್ದು. ನಿವೃತ್ತರಾಗುವ ಮುಖ್ಯ ನ್ಯಾಯಮೂರ್ತಿಯವರು ತಮ್ಮ ನಂತರದ ಹಿರಿಯರ ಹೆಸರನ್ನು ಕೇಂದ್ರ ಸರ್ಕಾರಕ್ಕೆ ಶಿಫಾರಸು ಮಾಡುತ್ತಾರೆ, ಸರ್ಕಾರ ಅದನ್ನು ರಾಷ್ಟ್ರಪತಿಗಳಿಗೆ ಕಳಿಸುತ್ತದೆ, ಅವರು ಸಹಿ ಹಾಕುತ್ತಾರೆ.

ತಾವು ಕೊಟ್ಟ ಹೋಲಿಕೆ ಮುಕ್ಕಾಲು ಪಾಲು ಸರಿ, ಕಾಲು ಪಾಲು ತಪ್ಪು. ಪಟ್ಟೆದಾರಿಕೆಯಲ್ಲಿ ಹಿರಿತನವೆಂದರೆ ಹುಟ್ಟಿದ ವರ್ಷದ ಲೆಕ್ಕ. ಸುಪ್ರೀಂ ಕೋರ್ಟಿನಲ್ಲಿ ಹಿರಿತನವೆಂದರೆ ಆ ನ್ಯಾಯಾಲಯಕ್ಕೆ ಬಂದು ಪ್ರಮಾಣವಚನ ಸ್ವೀಕರಿಸಿದ ದಿನದ ಲೆಕ್ಕ. ಒಂದೇ ದಿನ ಹಲವರು ಸ್ವೀಕರಿಸಿದ್ದರೆ ಯಾರು ಮೊದಲು ಸ್ವೀಕರಿಸಿದರು ಎಂಬುದರ ಲೆಕ್ಕ. ಹುಟ್ಟಿದ ವರ್ಷ ಅಲ್ಲಿ ಬೇರೆ ಕೆಲಸ ಮಾಡುತ್ತದೆ. ಒಕ್ಕದಲ್ಲಿ ವಯಸ್ಸು ಸ್ಥಾನವನ್ನು ತಂದುಕೊಟ್ಟರೆ, ಅಲ್ಲಿ ಸ್ಥಾನ ಕೈಗೆ ಬರುವ ಹೊತ್ತಿಗೆ ಅದೇ ವಯಸ್ಸು ಮನೆಗೆ ಕಳಿಸಿಬಿಡಬಹುದು.

ಇದಕ್ಕೆ ದೂರದ ಉದಾಹರಣೆ ಹುಡುಕಬೇಕಾಗಿಲ್ಲ. ನಮ್ಮ ಕೊಡಗಿನವರೇ ಆದ ನ್ಯಾಯಮೂರ್ತಿ ಎ.ಎಸ್. ಬೋಪಣ್ಣನವರು ಗುವಾಹಟಿ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿದ್ದು, 2019ರ ಮೇ 24ರಂದು ಸುಪ್ರೀಂ ಕೋರ್ಟಿನಲ್ಲಿ ಪ್ರಮಾಣವಚನ ಸ್ವೀಕರಿಸಿದರು. ಅಂದು ಅವರೊಡನೆ ಪ್ರಮಾಣವಚನ ಸ್ವೀಕರಿಸಿದವರು ಅನಿರುದ್ಧ ಬೋಸ್, ಬಿ.ಆರ್. ಗವಾಯಿ ಮತ್ತು ಸೂರ್ಯಕಾಂತ್. ಜ್ಯೇಷ್ಠತೆಯಲ್ಲಿ ಬೋಪಣ್ಣನವರು ಗವಾಯಿ ಮತ್ತು ಸೂರ್ಯಕಾಂತ್ ಅವರಿಗಿಂತ ಮೇಲಿದ್ದರು. ಆದರೆ ಅವರು ಹುಟ್ಟಿದ್ದು 1959ರ ಮೇ ತಿಂಗಳಲ್ಲಿ. ಹೀಗಾಗಿ 2024ರ ಮೇ ತಿಂಗಳಲ್ಲಿ 65 ತುಂಬಿ ನಿವೃತ್ತರಾದರು. 1960ರ ನವೆಂಬರಿನಲ್ಲಿ ಹುಟ್ಟಿದ ಗವಾಯಿಯವರು 2025ರ ಮೇ 14ರಂದು 52ನೆಯ ಮುಖ್ಯ ನ್ಯಾಯಮೂರ್ತಿಯಾದರು, 1962ರಲ್ಲಿ ಹುಟ್ಟಿದ ಸೂರ್ಯಕಾಂತ್ ಅವರು ಅದೇ ವರ್ಷದ ನವೆಂಬರ್ 24ರಂದು 53ನೆಯವರಾದರು. ಒಂದೇ ದಿನ ಒಂದೇ ಸಾಲಿನಲ್ಲಿ ನಿಂತ ನಾಲ್ವರಲ್ಲಿ ಹಿಂದೆ ನಿಂತ ಇಬ್ಬರಿಗೆ ಆ ಹುದ್ದೆ ದೊರೆಯಿತು, ಮುಂದೆ ನಿಂತ ಇಬ್ಬರಿಗೆ ದೊರೆಯಲಿಲ್ಲ. ಯೋಗ್ಯತೆಯ ಪ್ರಶ್ನೆ ಇದರಲ್ಲಿ ಎಲ್ಲಿಯೂ ಬರಲಿಲ್ಲ.

ಈ ಲೆಕ್ಕಾಚಾರದ ಫಲವಾಗಿಯೇ ಅಧಿಕಾರಾವಧಿಗಳಲ್ಲಿ ಅಷ್ಟೊಂದು ಏರುಪೇರು. ವೈ.ವಿ. ಚಂದ್ರಚೂಡ್ ಅವರು 1978ರ ಫೆಬ್ರವರಿಯಿಂದ 1985ರ ಜುಲೈವರೆಗೆ ಏಳು ವರ್ಷಕ್ಕೂ ಮೀರಿ ಆ ಪೀಠದಲ್ಲಿದ್ದರೆ, ಕೆ.ಎನ್. ಸಿಂಗ್ ಅವರು 1991ರ ನವೆಂಬರ್ 25ರಂದು ಬಂದು ಡಿಸೆಂಬರ್ 12ರಂದು ಹೊರಟರು, ಮೂರು ವಾರವೂ ತುಂಬಲಿಲ್ಲ. ನಮ್ಮ ರಾಜ್ಯದ ಎಸ್. ರಾಜೇಂದ್ರ ಬಾಬು ಅವರಿಗೆ ದೊರೆತದ್ದು 2004ರ ಮೇ ತಿಂಗಳೊಂದೇ. ಈಗಿನ ಜ್ಯೇಷ್ಠತೆಯ ಪಟ್ಟಿ ಹೀಗೆಯೇ ನಡೆದರೆ 2027ರ ಸೆಪ್ಟೆಂಬರಿನಲ್ಲಿ ಬಿ.ವಿ. ನಾಗರತ್ನ ಅವರು ದೇಶದ ಮೊದಲ ಮಹಿಳಾ ಮುಖ್ಯ ನ್ಯಾಯಮೂರ್ತಿಯಾಗುತ್ತಾರೆ, ಆದರೆ ಅದು ಸುಮಾರು 36 ದಿನಗಳ ಮಟ್ಟಿಗೆ. ಅವರ ತಂದೆ ಇ.ಎಸ್. ವೆಂಕಟರಾಮಯ್ಯನವರು 1989ರಲ್ಲಿ ಅದೇ ಹುದ್ದೆಯಲ್ಲಿದ್ದವರು. ಕರ್ನಾಟಕದಿಂದ ಆ ಪೀಠಕ್ಕೇರಿದವರಲ್ಲಿ ವೆಂಕಟರಾಮಯ್ಯ ಮತ್ತು ರಾಜೇಂದ್ರ ಬಾಬು ಅವರ ಜೊತೆಗೆ ಎಂ.ಎನ್. ವೆಂಕಟಾಚಲಯ್ಯ ಮತ್ತು ಎಚ್.ಎಲ್. ದತ್ತು ಅವರನ್ನೂ ಹೇಳಬೇಕು.

ನನ್ನ ಅಭಿಪ್ರಾಯ ಕೇಳಿದರೆ, ರೂಢಿ ಒಳ್ಳೆಯದು, ಅವಧಿ ಕೆಟ್ಟದ್ದು. ಮೂವತ್ತು ದಿನಗಳಿಗೆ ಬಂದವರಿಂದ ಕಚೇರಿಯ ಕಡತಗಳ ಪರಿಚಯ ಮಾಡಿಕೊಳ್ಳುವುದಕ್ಕಿಂತ ಹೆಚ್ಚಿನದನ್ನು ನಿರೀಕ್ಷಿಸುವುದು ನ್ಯಾಯವಲ್ಲ. ಆದರೂ ಅವಧಿಗಾಗಿ ರೂಢಿಯನ್ನು ಬಿಡಿ ಎಂದು ಹೇಳಲು ನನಗೆ ಧೈರ್ಯವಿಲ್ಲ. ಏಕೆಂಬುದು ಮುಂದಿನ ಉತ್ತರದಲ್ಲಿದೆ.

ಈ ರೂಢಿ ಯಾವಾಗಲಾದರೂ ಮುರಿದದ್ದುಂಟೇ?
(ಪದವಿ ವಿದ್ಯಾರ್ಥಿನಿ, ಗೋಣಿಕೊಪ್ಪಲು)

ಉಂಟು. 1964ರಲ್ಲಿ ಜಾಫರ್ ಇಮಾಮ್ ಅವರು ಅನಾರೋಗ್ಯದಿಂದ ಕೆಲಸ ಮಾಡುವ ಸ್ಥಿತಿಯಲ್ಲಿರಲಿಲ್ಲವಾದ್ದರಿಂದ ಅವರ ನಂತರದ ಪಿ.ಬಿ. ಗಜೇಂದ್ರಗಡ್ಕರ್ ಅವರನ್ನು ನೇಮಿಸಲಾಯಿತು. ಅದರಲ್ಲಿ ತಕರಾರಿಗೆ ಎಡೆಯಿರಲಿಲ್ಲ. ತಕರಾರಾದದ್ದು ಎರಡು ಸಲ, ಮೊದಲನೆಯದಕ್ಕೆ ನಮ್ಮ ನೆರೆಯ ಊರೊಂದರ ನಂಟಿದೆ.

ಸಂಪಾಜೆ ಘಾಟಿಯಿಳಿದು ಸುಳ್ಯ ದಾಟಿ ಕಾಸರಗೋಡಿನ ಕಡೆಗೆ ಹೋದರೆ ಸಿಗುವ ಎಡನೀರು ಮಠದ ಸ್ವಾಮಿಗಳಾಗಿದ್ದ ಕೇಶವಾನಂದ ಭಾರತಿಯವರು, ಕೇರಳದ ಭೂಸುಧಾರಣಾ ಕಾನೂನಿನಿಂದ ಮಠದ ಭೂಮಿಗೆ ಕುತ್ತು ಬಂದಾಗ 1970ರಲ್ಲಿ ಸುಪ್ರೀಂ ಕೋರ್ಟಿನ ಮೆಟ್ಟಿಲೇರಿದರು. ಮಠದ ಜಮೀನಿನಿಂದ ಹೊರಟ ಪ್ರಕರಣ ದಾರಿಯಲ್ಲಿ ಹಿಗ್ಗಿ, ಸಂವಿಧಾನವನ್ನು ತಿದ್ದುವ ಸಂಸತ್ತಿನ ಅಧಿಕಾರಕ್ಕೆ ಮಿತಿಯುಂಟೇ ಎಂಬ ಪ್ರಶ್ನೆಯಾಯಿತು. ಮುಖ್ಯ ನ್ಯಾಯಮೂರ್ತಿ ಎಸ್.ಎಂ. ಸಿಕ್ರಿಯವರು 13 ನ್ಯಾಯಮೂರ್ತಿಗಳ ಪೀಠ ರಚಿಸಿದರು. ಅದಕ್ಕಿಂತ ದೊಡ್ಡ ಪೀಠ ಅದಕ್ಕೆ ಹಿಂದೆಯೂ ಇರಲಿಲ್ಲ, ಮುಂದೆಯೂ ಆಗಿಲ್ಲ. 68 ದಿನ ವಾದ ನಡೆಯಿತು. 1973ರ ಏಪ್ರಿಲ್ 24ರಂದು 7–6ರ ಬಹುಮತದಲ್ಲಿ, ಸಂಸತ್ತು ಸಂವಿಧಾನದ ಯಾವ ಭಾಗವನ್ನೂ ತಿದ್ದಬಹುದು, ಆದರೆ ಅದರ ಮೂಲಸ್ವರೂಪವನ್ನು ಕೆಡಿಸುವಂತಿಲ್ಲ ಎಂಬ ತೀರ್ಪು ಬಂತು. ಮರುದಿನ ಸಿಕ್ರಿಯವರು ನಿವೃತ್ತರಾದರು.

ಜ್ಯೇಷ್ಠತೆಯ ಪ್ರಕಾರ ಮುಂದಿನ ಸರದಿ ಜೆ.ಎಂ. ಶೆಲತ್ ಅವರದು. ಅವರ ಬೆನ್ನಿಗೆ ಕೆ.ಎಸ್. ಹೆಗ್ಡೆ, ಆಮೇಲೆ ಎ.ಎನ್. ಗ್ರೋವರ್. ಮೂವರೂ ತೀರ್ಪಿನಲ್ಲಿ ಸರ್ಕಾರಕ್ಕೆ ಹಿಡಿಸದ ಕಡೆ ನಿಂತಿದ್ದರು. ಸರ್ಕಾರ ಆ ಮೂವರನ್ನೂ ದಾಟಿ, ಅಲ್ಪಮತದಲ್ಲಿದ್ದ ಎ.ಎನ್. ರೇ ಅವರನ್ನು ನೇಮಿಸಿತು. ಮೂವರೂ ರಾಜೀನಾಮೆ ಕೊಟ್ಟರು. ಇವರಲ್ಲಿ ಹೆಗ್ಡೆಯವರು ಕಾರ್ಕಳ ಸೀಮೆಯ ಕನ್ನಡಿಗರು, ಮೈಸೂರು ಹೈಕೋರ್ಟಿನಲ್ಲಿ ಕುಳಿತವರು. ಮುಂದೆ 1977ರಲ್ಲಿ ಲೋಕಸಭೆಗೆ ಆರಿಸಿಬಂದು ಸ್ಪೀಕರ್ ಆದರು. ಎಡನೀರಿನ ಸ್ವಾಮಿಗಳ ಅರ್ಜಿ ಕಾರ್ಕಳದ ನ್ಯಾಯಮೂರ್ತಿಯವರ ಪದವಿಯನ್ನು ಹೀಗೆ ತಪ್ಪಿಸಿತೆನ್ನುವುದು ವಿಧಿಯ ವಿನೋದವೇ ಸರಿ.

ಎರಡನೆಯ ಸಲ 1977ರ ಜನವರಿಯಲ್ಲಿ. ತುರ್ತುಪರಿಸ್ಥಿತಿಯ ಕಾಲದಲ್ಲಿ, ಬಂಧನಕ್ಕೊಳಗಾದವನು ತನ್ನ ಬಂಧನವನ್ನು ಪ್ರಶ್ನಿಸಿ ಹೈಕೋರ್ಟಿಗೆ ಹೋಗಬಹುದೇ ಎಂಬ ಪ್ರಶ್ನೆ ಐವರ ಪೀಠದ ಮುಂದೆ ಬಂದಾಗ, 1976ರ ಏಪ್ರಿಲ್ 28ರಂದು ನಾಲ್ವರು ಹೋಗುವಂತಿಲ್ಲ ಎಂದರು, ಎಚ್.ಆರ್. ಖನ್ನಾ ಒಬ್ಬರೇ ಹೋಗಬಹುದು ಎಂದು ಬರೆದರು. ಒಂಬತ್ತು ತಿಂಗಳಿಗೆ ಅವರನ್ನು ದಾಟಿ ಎಂ.ಎಚ್. ಬೇಗ್ ಮುಖ್ಯ ನ್ಯಾಯಮೂರ್ತಿಯಾದರು, ಖನ್ನಾ ಹುದ್ದೆ ಬಿಟ್ಟು ನಡೆದರು. 2017ರಲ್ಲಿ ಖಾಸಗಿತನದ ಹಕ್ಕಿನ ತೀರ್ಪು ಬರೆಯುವಾಗ ಸುಪ್ರೀಂ ಕೋರ್ಟು 1976ರ ಆ ಬಹುಮತದ ತೀರ್ಪನ್ನು ರದ್ದುಪಡಿಸಿತು. ರದ್ದುಪಡಿಸಿದವರಲ್ಲಿ ಡಿ.ವೈ. ಚಂದ್ರಚೂಡ್ ಅವರೂ ಒಬ್ಬರು. ಹಳೆಯ ಬಹುಮತದಲ್ಲಿ ಅವರ ತಂದೆ ವೈ.ವಿ. ಚಂದ್ರಚೂಡ್ ಇದ್ದರು.

ಆಮೇಲೆ ಯಾವ ಸರ್ಕಾರವೂ ಹಿರಿಯರನ್ನು ದಾಟುವ ಸಾಹಸಕ್ಕೆ ಹೋಗಿಲ್ಲ. ಉಳಿದ ನ್ಯಾಯಮೂರ್ತಿಗಳ ನೇಮಕದಲ್ಲಿಯೂ ಹಿಡಿತ ನಿಧಾನವಾಗಿ ನ್ಯಾಯಾಲಯದ ಕೈಗೆ ಬಂತು: 1981ರಲ್ಲಿ ಸರ್ಕಾರದ ಮಾತೇ ಮೇಲೆಂದಿದ್ದ ಸುಪ್ರೀಂ ಕೋರ್ಟು 1993ರಲ್ಲಿ ಅದನ್ನು ತಿರುವಿಹಾಕಿತು, 1998ರಲ್ಲಿ ಮುಖ್ಯ ನ್ಯಾಯಮೂರ್ತಿ ಮತ್ತು ನಾಲ್ವರು ಹಿರಿಯರ ಮಂಡಳಿ ಸೇರಿ ಶಿಫಾರಸು ಮಾಡಬೇಕೆಂದಿತು. ಇದನ್ನೇ ಪತ್ರಿಕೆಗಳಲ್ಲಿ ಕೊಲಿಜಿಯಂ ಎನ್ನುತ್ತಾರೆ. ಅದರ ಬದಲಿಗೆ ಸಂಸತ್ತು ತಂದ ನೇಮಕಾತಿ ಆಯೋಗವನ್ನು 2015ರ ಅಕ್ಟೋಬರ್ 16ರಂದು ನ್ಯಾಯಾಲಯ 4–1ರಲ್ಲಿ ರದ್ದುಪಡಿಸಿತು. ಕೊಲಿಜಿಯಂ ಬಾಗಿಲು ಮುಚ್ಚಿಕೊಂಡು ಕೆಲಸ ಮಾಡುತ್ತದೆಂಬ ದೂರು ನನ್ನದೂ ಹೌದು. ಆದರೆ 1973ನ್ನು ನೆನೆದಾಗ, ಬಾಗಿಲ ಬೀಗದ ಕೈ ಇನ್ನೊಂದು ಕಡೆಗೆ ಹೋಗುವುದೂ ಬೇಡವೆನಿಸುತ್ತದೆ.

ಬ್ರಿಟಿಷರ ಕಾಲದಲ್ಲಿ ಕೊಡಗಿನ ಮೊಕದ್ದಮೆಗಳಿಗೆ ಕೊನೆಯ ನ್ಯಾಯಾಲಯ ಯಾವುದಿತ್ತು? ಆಗಲೂ ದೇಶಕ್ಕೊಬ್ಬರು ಮುಖ್ಯ ನ್ಯಾಯಮೂರ್ತಿ ಇದ್ದರೇ?
(ಕಾಫಿ ಬೆಳೆಗಾರರು, ಮಡಿಕೇರಿ)

1774ರಲ್ಲಿ ಕಲ್ಕತ್ತೆಯ ಫೋರ್ಟ್ ವಿಲಿಯಂನಲ್ಲಿ ಸುಪ್ರೀಂ ಕೋರ್ಟ್ ಎಂಬ ಹೆಸರಿನ ನ್ಯಾಯಾಲಯ ತೆರೆಯಿತು. ಎಲೈಜಾ ಇಂಪೆ ಅದರ ಮೊದಲ ಮುಖ್ಯ ನ್ಯಾಯಮೂರ್ತಿ. ಮರುವರ್ಷವೇ ಮಹಾರಾಜ ನಂದಕುಮಾರನಿಗೆ ಫೋರ್ಜರಿ ಆರೋಪದ ಮೇಲೆ ಗಲ್ಲುಶಿಕ್ಷೆಯಾದದ್ದು ಅವರ ಮುಂದೆ ನಡೆದ ವಿಚಾರಣೆಯಲ್ಲಿ. ಹೆಸರು ದೊಡ್ಡದಾಗಿದ್ದರೂ ಅದು ಇಡೀ ದೇಶದ ನ್ಯಾಯಾಲಯವಾಗಿರಲಿಲ್ಲ. ದೇಶದ ಎಲ್ಲ ಹೈಕೋರ್ಟುಗಳ ಮೇಲಿನ ಕೊನೆಯ ಮೆಟ್ಟಿಲು ಲಂಡನ್ನಿನ ಪ್ರಿವಿ ಕೌನ್ಸಿಲ್.

ಕೊಡಗಿಗೆ ಹೈಕೋರ್ಟೇ ಇರಲಿಲ್ಲ. 1834ರಲ್ಲಿ ಕಂಪನಿ ಸರ್ಕಾರ ಚಿಕ್ಕವೀರರಾಜೇಂದ್ರನನ್ನು ಇಳಿಸಿ ನಾಡನ್ನು ವಶಪಡಿಸಿಕೊಂಡ ಮೇಲೆ ಇದು ಚೀಫ್ ಕಮಿಷನರರ ಪ್ರಾಂತ್ಯವಾಯಿತು. ಇಲ್ಲಿನ ದಾವೆಗಳಿಗೆ ಜುಡಿಷಿಯಲ್ ಕಮಿಷನರ್ ಎಂಬವರ ನ್ಯಾಯಾಲಯವೇ ಮೇಲಿನದು. ಸ್ವಾತಂತ್ರ್ಯಾನಂತರ ಕೆಲಕಾಲ ಮದ್ರಾಸ್ ಹೈಕೋರ್ಟಿನ ವ್ಯಾಪ್ತಿಗೆ ಸೇರಿದ್ದು, ಆಮೇಲೆ ಬೆಂಗಳೂರಿನ ಹೈಕೋರ್ಟಿನ ಅಡಿಗೆ ಬಂತು; 1956ರ ನವೆಂಬರ್ 1ರಂದು ಕೊಡಗು ಮೈಸೂರು ರಾಜ್ಯದಲ್ಲಿ ವಿಲೀನವಾಯಿತು.

ಈ ಸಂದರ್ಭದಲ್ಲಿ ನೆನಪಾಗುವ ಮೊಕದ್ದಮೆಯೊಂದಿದೆ. ಪದಚ್ಯುತನಾಗಿ ಕಾಶಿಯಲ್ಲಿದ್ದ ಚಿಕ್ಕವೀರರಾಜೇಂದ್ರನು 1852ರಲ್ಲಿ ಮಗಳು ಗೌರಮ್ಮನೊಡನೆ ಇಂಗ್ಲೆಂಡಿಗೆ ಹೋದನು. ಮಗಳಿಗೆ ವಿಕ್ಟೋರಿಯಾ ರಾಣಿ ಧರ್ಮಮಾತೆಯಾದರೆ, ತಂದೆ ಲಂಡನ್ನಿನ ಚಾನ್ಸರಿ ನ್ಯಾಯಾಲಯದಲ್ಲಿ ಕಂಪನಿಯ ಮೇಲೆ ದಾವೆ ಹೂಡಿದನು; ಕಂಪನಿ ವಶಪಡಿಸಿಕೊಂಡ ಸಾಲಪತ್ರಗಳ ಹಣ ತನಗೆ ಸೇರಬೇಕೆಂಬುದು ಅವನ ವಾದ. 1859ರಲ್ಲಿ ಅವನು ಅಲ್ಲಿಯೇ ತೀರಿಕೊಂಡನು, 1860ರಲ್ಲಿ ದಾವೆ ವಜಾ ಆಯಿತು. ಕಂಪನಿ ಅವುಗಳನ್ನು ವಶಪಡಿಸಿಕೊಂಡದ್ದು ರಾಜ್ಯಾಧಿಕಾರ ನಡೆಸುವವನಾಗಿ, ಯುದ್ಧದ ಭಾಗವಾಗಿ. ಅಂಥದನ್ನು ಸಾಮಾನ್ಯ ನ್ಯಾಯಾಲಯ ವಿಚಾರಿಸಲಾಗದು ಎಂಬುದು ಅದರ ಸಾರ. ಆಳುವವನನ್ನು ಪ್ರಶ್ನಿಸಲು ನ್ಯಾಯಾಲಯವೇ ಇಲ್ಲದಿದ್ದರೆ ಏನಾಗುತ್ತದೆಂಬುದಕ್ಕೆ ಕೊಡಗಿನವರಿಗೆ ಇದಕ್ಕಿಂತ ಹತ್ತಿರದ ದೃಷ್ಟಾಂತ ಬೇಡ.

ದೇಶಕ್ಕೊಂದು ನ್ಯಾಯಾಲಯ ಆರಂಭವಾದದ್ದು 1937ರ ಅಕ್ಟೋಬರ್ 1ರಂದು, 1935ರ ಕಾಯಿದೆಯಂತೆ. ಅದು ಫೆಡರಲ್ ಕೋರ್ಟ್; ಮೊದಲ ಮುಖ್ಯ ನ್ಯಾಯಮೂರ್ತಿ ಮಾರಿಸ್ ಗ್ವಯರ್, ಜೊತೆಗೆ ಇನ್ನಿಬ್ಬರು. ಅದರ ಮೇಲೂ ಪ್ರಿವಿ ಕೌನ್ಸಿಲ್ ಇದ್ದೇ ಇತ್ತು. 1949ರ ಅಕ್ಟೋಬರಿನಲ್ಲಿ ಪ್ರಿವಿ ಕೌನ್ಸಿಲಿನ ಅಧಿಕಾರ ಕೊನೆಗೊಂಡಿತು. ಸಂವಿಧಾನ ಜಾರಿಯಾದ 1950ರ ಜನವರಿ 26ರಂದು ಫೆಡರಲ್ ಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿದ್ದ ಎಚ್.ಜೆ. ಕನಿಯಾ ಅವರೇ ಭಾರತದ ಮೊದಲ ಮುಖ್ಯ ನ್ಯಾಯಮೂರ್ತಿಯಾದರು. ಎರಡು ದಿನ ಬಿಟ್ಟು, ಸಂಸತ್ ಭವನದಲ್ಲಿ ರಾಜರ ಮಂಡಳಿ ಸೇರುತ್ತಿದ್ದ ಸಭಾಂಗಣದಲ್ಲಿ, ಸುಪ್ರೀಂ ಕೋರ್ಟಿನ ಉದ್ಘಾಟನೆ ನಡೆಯಿತು. ಈಗಿನ ಕಟ್ಟಡಕ್ಕೆ ಬಂದದ್ದು 1958ರಲ್ಲಿ. ಮೊದಲಿಗೆ ಮುಖ್ಯ ನ್ಯಾಯಮೂರ್ತಿಯೂ ಸೇರಿ ಎಂಟು ಸ್ಥಾನಗಳಿಗೆ ಅವಕಾಶವಿತ್ತು, ಹಲವು ಸಲ ಹೆಚ್ಚಿ 2019ರಲ್ಲಿ 34ಕ್ಕೆ ಮುಟ್ಟಿತು.

ಮುಖ್ಯ ನ್ಯಾಯಮೂರ್ತಿ ಒಂದು ಮಾತು ಹೇಳಿದರೆ ಪೀಠದ ಉಳಿದವರು ಅದನ್ನು ಮೀರಬಹುದೇ? ಮೀರಬಹುದಾದರೆ ಅವರು ಎಂಥ ಮುಖ್ಯಸ್ಥರು?
(ಓದುಗರು, ನಾಪೋಕ್ಲು)

ಈ ಬಾರಿ ಬಂದ ಪತ್ರಗಳಲ್ಲಿ ನನಗೆ ಹೆಚ್ಚು ಹಿಡಿಸಿದ್ದು ಇದು. ಪ್ರಶ್ನೆಯ ಎರಡನೆಯ ವಾಕ್ಯದಲ್ಲಿ ತುಸು ಸಿಟ್ಟಿದ್ದರೂ ಅದು ಸರಿಯಾದ ಜಾಗವನ್ನೇ ಮುಟ್ಟಿದೆ.

ಮೀರಬಹುದು, ಮೀರಿದ್ದಾರೆ. ತೀರ್ಪು ಬರೆಯುವಾಗ ಮುಖ್ಯ ನ್ಯಾಯಮೂರ್ತಿಗಿರುವುದು ಒಂದೇ ಮತ, ಪೀಠದ ಅತಿ ಕಿರಿಯರಿಗೆ ಇರುವಷ್ಟೇ. 2017ರ ಆಗಸ್ಟಿನಲ್ಲಿ ತ್ರಿವಳಿ ತಲಾಖನ್ನು ಐವರ ಪೀಠ 3–2ರಲ್ಲಿ ರದ್ದುಪಡಿಸಿದಾಗ ಮುಖ್ಯ ನ್ಯಾಯಮೂರ್ತಿ ಜೆ.ಎಸ್. ಖೇಹರ್ ಅಲ್ಪಮತದಲ್ಲಿದ್ದರು. 2022ರ ನವೆಂಬರಿನಲ್ಲಿ ಆರ್ಥಿಕವಾಗಿ ದುರ್ಬಲರಾದವರ ಮೀಸಲಾತಿಯನ್ನು 3–2ರಲ್ಲಿ ಎತ್ತಿಹಿಡಿದಾಗ ಮುಖ್ಯ ನ್ಯಾಯಮೂರ್ತಿ ಯು.ಯು. ಲಲಿತ್ ಅಲ್ಪಮತದಲ್ಲಿದ್ದರು. 2023ರ ಅಕ್ಟೋಬರಿನಲ್ಲಿ ಸಲಿಂಗಿಗಳ ಮದುವೆಯ ಪ್ರಕರಣದಲ್ಲಿ ಡಿ.ವೈ. ಚಂದ್ರಚೂಡ್ ಅವರಿಗೂ ಅದೇ ಆಯಿತು. ಮೂರೂ ದೇಶವೆಲ್ಲ ಕಾಯುತ್ತಿದ್ದ ಪ್ರಕರಣಗಳು, ಮೂರರಲ್ಲಿಯೂ ಮುಖ್ಯ ನ್ಯಾಯಮೂರ್ತಿಯವರ ನಿಲುವು ಕಾನೂನಾಗಲಿಲ್ಲ.

ಹಾಗಾದರೆ ಅವರ ಬಲ ಎಲ್ಲಿದೆ? ಯಾವ ಪ್ರಕರಣ ಯಾರ ಮುಂದೆ ಹೋಗಬೇಕು, ಇಬ್ಬರು ಕೂಡಬೇಕೋ ಐವರೋ ಒಂಬತ್ತು ಮಂದಿಯೋ, ಯಾವಾಗ ಕೂಡಬೇಕು ಎಂಬುದನ್ನು ನಿರ್ಧರಿಸುವುದರಲ್ಲಿ. ಸಂವಿಧಾನದ ಅರ್ಥವಿವರಣೆಯ ಗಣನೀಯ ಪ್ರಶ್ನೆಯಿದ್ದರೆ ಕನಿಷ್ಠ ಐವರಿರಬೇಕೆಂದು 145ನೆಯ ವಿಧಿ ಹೇಳುತ್ತದೆ. ಆದರೆ ಆ ಐವರು ಯಾರು ಎಂಬುದನ್ನು ಹೇಳುವುದು ಮುಖ್ಯ ನ್ಯಾಯಮೂರ್ತಿ. ಒಂದು ಅರ್ಜಿಯನ್ನು ನಾಳೆಯೇ ಪಟ್ಟಿಗೆ ಹಾಕಿಸುವುದಕ್ಕೂ ಮೂರು ವರ್ಷ ಹಾಕಿಸದೆ ಇರುವುದಕ್ಕೂ ತೀರ್ಪು ಬರೆಯಬೇಕಾಗಿಲ್ಲ, ಕಾರಣ ಕೊಡಬೇಕಾಗಿಲ್ಲ. ಕೋರ್ಟಿನಲ್ಲಿ ಅರ್ಧ ಆಯುಷ್ಯ ಕಳೆದವನಾಗಿ ಹೇಳುತ್ತೇನೆ: ಎಷ್ಟೋ ಕಕ್ಷಿದಾರರು ಸೋತದ್ದು ತೀರ್ಪಿನಿಂದಲ್ಲ, ದಿನಾಂಕದಿಂದ. ಮುನ್ಸಿಫ್ ಕೋರ್ಟಿನ ಮಟ್ಟದಲ್ಲಿ ನಿಜವಾದ ಈ ಮಾತು ದೆಹಲಿಯಲ್ಲಿ ಸುಳ್ಳಾಗಲು ಕಾರಣವಿಲ್ಲ.

ಈ ಅಧಿಕಾರದ ವಿಷಯ ಬೀದಿಗೆ ಬಂದದ್ದು 2018ರ ಜನವರಿ 12ರಂದು. ಅಂದು ಮುಖ್ಯ ನ್ಯಾಯಮೂರ್ತಿ ದೀಪಕ್ ಮಿಶ್ರಾ ಅವರ ನಂತರದ ನಾಲ್ವರು ಹಿರಿಯರಾದ ಜೆ. ಚೆಲಮೇಶ್ವರ್, ರಂಜನ್ ಗೊಗೊಯ್, ಮದನ್ ಲೋಕೂರ್ ಮತ್ತು ಕುರಿಯನ್ ಜೋಸೆಫ್ ಅವರು ಪತ್ರಕರ್ತರನ್ನು ಕರೆದು, ದೂರಗಾಮಿ ಪರಿಣಾಮದ ಪ್ರಕರಣಗಳನ್ನು ಸಕಾರಣವಿಲ್ಲದೆ ಆಯ್ದ ಪೀಠಗಳಿಗೆ ಒಪ್ಪಿಸಲಾಗುತ್ತಿದೆಯೆಂದು ದೂರಿದರು. ಹಾಲಿ ನ್ಯಾಯಮೂರ್ತಿಗಳು ಹಾಗೆ ಪತ್ರಿಕಾಗೋಷ್ಠಿ ಕರೆದದ್ದು ಅದೇ ಮೊದಲು. ಅದೇ ವರ್ಷದ ಏಪ್ರಿಲ್ ಮತ್ತು ಜುಲೈ ತಿಂಗಳ ಎರಡು ತೀರ್ಪುಗಳಲ್ಲಿ ಸುಪ್ರೀಂ ಕೋರ್ಟು, ಮುಖ್ಯ ನ್ಯಾಯಮೂರ್ತಿಯು ಸಮಾನರಲ್ಲಿ ಮೊದಲಿಗರು, ಆದರೆ ಪ್ರಕರಣಗಳ ಹಂಚಿಕೆಯ ಪಟ್ಟಿಗೆ ಅವರೇ ಒಡೆಯರು ಎಂದು ಸ್ಪಷ್ಟಪಡಿಸಿತು. ಆ ಕೆಲಸವನ್ನು ಕೊಲಿಜಿಯಂಗೆ ಒಪ್ಪಿಸಬೇಕೆಂಬ ಕೋರಿಕೆಯನ್ನು ತಳ್ಳಿಹಾಕಿತು. ಆ ವರ್ಷದ ಫೆಬ್ರವರಿಯಿಂದ ಯಾವ ಬಗೆಯ ಪ್ರಕರಣ ಯಾರ ಪೀಠಕ್ಕೆ ಎಂಬ ಪಟ್ಟಿಯನ್ನು ನ್ಯಾಯಾಲಯದ ಜಾಲತಾಣದಲ್ಲಿ ಹಾಕುವ ಕ್ರಮ ಬಂತು. ಪತ್ರಿಕಾಗೋಷ್ಠಿಯಿಂದ ಕೈಗೆ ಸಿಕ್ಕಿದ್ದು ಅಷ್ಟು.

ಯಾರಾದರೊಬ್ಬರು ಹಂಚಲೇಬೇಕೆಂಬುದನ್ನು ನಾನು ಒಪ್ಪುತ್ತೇನೆ. ಹಂಚಿದ್ದಕ್ಕೆ ಕಾರಣವನ್ನು ಎರಡು ಸಾಲಿನಲ್ಲಿ ಬರೆದಿಡಬಾರದೇಕೆ ಎಂಬುದು ಮಾತ್ರ ನನಗೆ ಇಂದಿಗೂ ಅರ್ಥವಾಗಿಲ್ಲ. 2019ರ ನವೆಂಬರ್ 13ರಂದು ಐವರ ಪೀಠ, ಮುಖ್ಯ ನ್ಯಾಯಮೂರ್ತಿಯವರ ಕಚೇರಿಯೂ ಮಾಹಿತಿ ಹಕ್ಕು ಕಾಯಿದೆಯ ವ್ಯಾಪ್ತಿಗೆ ಬರುತ್ತದೆಂದು ತೀರ್ಪಿತ್ತಿದೆ. ಆದರೆ ಬರೆದಿಡದ ಕಾರಣವನ್ನು ಯಾವ ಅರ್ಜಿ ಹಾಕಿದರೂ ಕೊಡಲಾಗದು.

ನಮ್ಮ ಬಾಣೆಯ (ಗದ್ದೆಗೆ ಸೇರಿದ ಕಾಡು-ಹುಲ್ಲಿನ ಜಮೀನಿನ) ಗಡಿ ತಕರಾರು ಕೆಳಗಿನ ಕೋರ್ಟಿನಲ್ಲಿ ಬಹಳ ವರ್ಷಗಳಿಂದ ಎಳೆಯುತ್ತಿದೆ. ಬೇಗ ಮುಗಿಸಿಕೊಡುವಂತೆ ಮುಖ್ಯ ನ್ಯಾಯಮೂರ್ತಿಯವರಿಗೆ ನೇರವಾಗಿ ಕಾಗದ ಬರೆಯಬಹುದೇ? ಅಂಚೆ ಕಾರ್ಡನ್ನೇ ಅರ್ಜಿಯೆಂದು ತೆಗೆದುಕೊಂಡದ್ದುಂಟೆಂದು ಓದಿದ್ದೇನೆ.
(ಕೃಷಿಕರು, ಸೋಮವಾರಪೇಟೆ)

ಕಾಗದವನ್ನು ಅರ್ಜಿಯೆಂದು ತೆಗೆದುಕೊಂಡದ್ದು ನಿಜ. ತಿಹಾರ್ ಜೈಲಿನ ಕೈದಿಯೊಬ್ಬ ಇನ್ನೊಬ್ಬ ಕೈದಿಗಾದ ಹಿಂಸೆಯ ಬಗ್ಗೆ ಬರೆದ ಪತ್ರವನ್ನೂ, ಹರಿಯಾಣದ ಕಲ್ಲುಕ್ವಾರಿಗಳ ಜೀತದಾಳುಗಳ ಬಗ್ಗೆ ಪಿ.ಎನ್. ಭಗವತಿಯವರಿಗೆ ಬಂದ ಪತ್ರವನ್ನೂ ಸುಪ್ರೀಂ ಕೋರ್ಟು ರಿಟ್ ಅರ್ಜಿಗಳೆಂದೇ ವಿಚಾರಿಸಿತು. ಇಂಥ ಪತ್ರಗಳ ಹೊಳೆ ಹರಿದಾಗ, ಯಾವುದನ್ನು ತೆಗೆದುಕೊಳ್ಳಬೇಕು ಎಂಬುದಕ್ಕೆ 1988ರಲ್ಲಿ ನ್ಯಾಯಾಲಯವೇ ನಿಯಮ ಮಾಡಿಕೊಂಡಿತು. ಜೀತ, ಅನಾಥ ಮಕ್ಕಳು, ಕನಿಷ್ಠ ಕೂಲಿ ಕೊಡದಿರುವುದು, ಜೈಲಿನಿಂದ ಬರುವ ದೂರು, ಹೆಂಗಸರ ಮೇಲಿನ ದೌರ್ಜನ್ಯ, ಪರಿಸರ ಇಂಥವು ಅದರಲ್ಲಿವೆ. ತೋಟದ ಲೈನುಮನೆಯಲ್ಲಿ ಯಾರನ್ನಾದರೂ ಸಾಲದ ಹೆಸರಲ್ಲಿ ಕಟ್ಟಿಹಾಕಿಕೊಂಡಿದ್ದರೆ ಆ ಬಗ್ಗೆ ಬರೆದ ಕಾಗದಕ್ಕೆ ಅಲ್ಲಿ ಬೆಲೆಯುಂಟು.

ತಮ್ಮ ಕಾಗದಕ್ಕೆ ಇಲ್ಲ. ಬಾಡಿಗೆ ತಕರಾರು, ನೌಕರಿಯ ವಿಚಾರ, ಮತ್ತು ಕೆಳಗಿನ ನ್ಯಾಯಾಲಯ ಅಥವಾ ಹೈಕೋರ್ಟಿನಲ್ಲಿ ಬಾಕಿಯಿರುವ ಪ್ರಕರಣವನ್ನು ಬೇಗ ಮುಗಿಸಿ ಎಂಬ ಕೋರಿಕೆ, ಇವನ್ನು ಆ ನಿಯಮಗಳೇ ಹೆಸರಿಸಿ ಹೊರಗಿಟ್ಟಿವೆ. ನಾನು ಹೊಸದಾಗಿ ಕರಿಕೋಟು ಹಾಕಿದ ಕಾಲದಲ್ಲಿ ಕಕ್ಷಿದಾರರೊಬ್ಬರು ನನಗೆ ತಿಳಿಸದೆ ಹೀಗೆಯೇ ಹದಿನಾಲ್ಕು ಪುಟದ ಪತ್ರ ಬರೆದು, ಉತ್ತರ ಬರುತ್ತದೆಂದು ಕಾಯುತ್ತ ಎರಡು ವಾಯಿದೆಗೆ ಬಾರದೆ ಉಳಿದುಬಿಟ್ಟರು. ದಾವೆ ವಜಾ ಆಯಿತು, ಅದನ್ನು ಮತ್ತೆ ಫೈಲಿಗೆ ತರಿಸುವಷ್ಟರಲ್ಲಿ ಒಂದು ವರ್ಷ ಹೋಯಿತು.

ತಾವು ಮಾಡಬೇಕಾದದ್ದು, ಮೊದಲು ಅದೇ ನ್ಯಾಯಾಲಯದಲ್ಲಿ ಬೇಗ ವಿಚಾರಣೆ ಕೋರಿ ಅರ್ಜಿ ಹಾಕಿಸುವುದು. ಹಿರಿಯ ನಾಗರಿಕರಾಗಿದ್ದರೆ ಅದನ್ನು ಅರ್ಜಿಯಲ್ಲಿ ಕಾಣಿಸುವುದು. ಅದರಿಂದ ಆಗದಿದ್ದರೆ ಸಂವಿಧಾನದ 227ನೆಯ ವಿಧಿಯಡಿ ಹೈಕೋರ್ಟಿನಿಂದ ಇಷ್ಟು ತಿಂಗಳಲ್ಲಿ ಮುಗಿಸಬೇಕೆಂಬ ನಿರ್ದೇಶನ ತರಬಹುದು. ಎದುರುಗಡೆಯವರು ಮಾತಿಗೆ ಒಪ್ಪುವವರಾದರೆ ಲೋಕ ಅದಾಲತ್ತು ಇದೆ. ತಾಲ್ಲೂಕು ಕಾನೂನು ಸೇವೆಗಳ ಸಮಿತಿಯಲ್ಲಿ ವಿಚಾರಿಸಿ. ಕುತೂಹಲಕ್ಕೆ ಹೇಳುವುದಾದರೆ, ಆ ಸಮಿತಿಗಳ ಮೇಲಿರುವ ರಾಷ್ಟ್ರೀಯ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಮುಖ್ಯ ಪೋಷಕರು ಭಾರತದ ಮುಖ್ಯ ನ್ಯಾಯಮೂರ್ತಿಯವರೇ. ಆ ಬಾಗಿಲಿನಿಂದ ಹೋದರೆ ತಮ್ಮ ಬಾಣೆ ಅವರ ನೆರಳಿಗೆ ಬಂದಂತೆಯೇ.

ನ್ಯಾಯಾಧೀಶ, ನ್ಯಾಯಮೂರ್ತಿ: ವ್ಯತ್ಯಾಸವೇನು?
(ಓದುಗರು, ಪೊನ್ನಂಪೇಟೆ)

ಜಿಲ್ಲಾ ಮತ್ತು ಅದರ ಕೆಳಗಿನ ಕೋರ್ಟುಗಳಲ್ಲಿ ನ್ಯಾಯಾಧೀಶರು, ಹೈಕೋರ್ಟು ಮತ್ತು ಸುಪ್ರೀಂ ಕೋರ್ಟಿನಲ್ಲಿ ನ್ಯಾಯಮೂರ್ತಿಗಳು. ಕನ್ನಡದಲ್ಲಿ ನೆಲೆಗೊಂಡ ಬಳಕೆ ಇದು. ಇನ್ನೊಂದು ಸೂಕ್ಷ್ಮವನ್ನು ಗಮನಿಸಿ: ಹೈಕೋರ್ಟಿನವರು ಆ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿ, ದೆಹಲಿಯವರು ಸುಪ್ರೀಂ ಕೋರ್ಟಿನ ಮುಖ್ಯ ನ್ಯಾಯಮೂರ್ತಿ ಅಲ್ಲ, ಸಂವಿಧಾನದ ಮಾತಿನಲ್ಲಿ ಭಾರತದ ಮುಖ್ಯ ನ್ಯಾಯಮೂರ್ತಿ.

ಮುಖ್ಯ ನ್ಯಾಯಮೂರ್ತಿಯವರು ರಾಷ್ಟ್ರಪತಿಯ ಸ್ಥಾನದಲ್ಲಿ ಕುಳಿತದ್ದುಂಟೇ?
(ಸ್ಪರ್ಧಾತ್ಮಕ ಪರೀಕ್ಷೆಗೆ ಓದುತ್ತಿರುವವರು, ಶನಿವಾರಸಂತೆ)

ಒಂದು ಸಲ. 1969ರ ಮೇ ತಿಂಗಳಲ್ಲಿ ರಾಷ್ಟ್ರಪತಿ ಜಾಕಿರ್ ಹುಸೇನ್ ತೀರಿಕೊಂಡು, ಅವರ ಸ್ಥಾನದಲ್ಲಿದ್ದ ಉಪರಾಷ್ಟ್ರಪತಿ ವಿ.ವಿ. ಗಿರಿಯವರು ಚುನಾವಣೆಗೆ ನಿಲ್ಲಲು ರಾಜೀನಾಮೆ ಕೊಟ್ಟಾಗ, ಮುಖ್ಯ ನ್ಯಾಯಮೂರ್ತಿ ಎಂ. ಹಿದಾಯತುಲ್ಲಾ ಅವರು ಜುಲೈ 20ರಿಂದ ಆಗಸ್ಟ್ 24ರವರೆಗೆ ಹಂಗಾಮಿ ರಾಷ್ಟ್ರಪತಿಯಾಗಿದ್ದರು. ಇದಕ್ಕಾಗಿಯೇ ಆ ವರ್ಷ ಕಾಯಿದೆಯೊಂದನ್ನು ಮಾಡಲಾಗಿತ್ತು. ಪರೀಕ್ಷೆಯಲ್ಲಿ ಇದರ ಜೋಡಿ ಪ್ರಶ್ನೆಯೊಂದು ಬರುವುದುಂಟು: ರಾಷ್ಟ್ರಪತಿಯಾಗಲು ಹುದ್ದೆ ಬಿಟ್ಟವರು ಯಾರು? 1967ರಲ್ಲಿ ಕೆ. ಸುಬ್ಬರಾವ್. ಜಾಕಿರ್ ಹುಸೇನರ ಎದುರು ನಿಂತು ಸೋತರು.

ಮುಖ್ಯ ನ್ಯಾಯಮೂರ್ತಿಯವರನ್ನು ಹುದ್ದೆಯಿಂದ ತೆಗೆಯಬಹುದೇ?
(ಓದುಗರು, ಸಿದ್ದಾಪುರ)

ದುರ್ವರ್ತನೆ ಅಥವಾ ಅಸಾಮರ್ಥ್ಯ ರುಜುವಾತಾದರೆ, ಸಂಸತ್ತಿನ ಎರಡೂ ಸದನಗಳಲ್ಲಿ ಒಟ್ಟು ಸದಸ್ಯರ ಬಹುಮತ ಮತ್ತು ಹಾಜರಿದ್ದು ಮತ ಹಾಕಿದವರ ಮೂರನೇ ಎರಡು ಪಾಲು ಬೆಂಬಲ ಸಿಕ್ಕರೆ, ರಾಷ್ಟ್ರಪತಿಗಳ ಆದೇಶದಿಂದ ತೆಗೆಯಬಹುದು. ಇದುವರೆಗೆ ಯಾರನ್ನೂ ಹಾಗೆ ತೆಗೆದಿಲ್ಲ. 2018ರ ಏಪ್ರಿಲಿನಲ್ಲಿ ದೀಪಕ್ ಮಿಶ್ರಾ ಅವರ ವಿರುದ್ಧ ಕೊಟ್ಟ ನೋಟಿಸನ್ನು ರಾಜ್ಯಸಭೆಯ ಸಭಾಪತಿಗಳು ಆರಂಭದಲ್ಲಿಯೇ ತಿರಸ್ಕರಿಸಿದರು.

ಕೊಡಗಿನಿಂದ ದೆಹಲಿಗೆ ಹೋಗಿ ಮೊಕದ್ದಮೆ ನಡೆಸುವುದು ನಮ್ಮಂಥವರಿಗೆ ಆಗದ ಮಾತು. ಬೆಂಗಳೂರಿನಲ್ಲಿಯೋ ಚೆನ್ನೈಯಲ್ಲಿಯೋ ಸುಪ್ರೀಂ ಕೋರ್ಟಿನ ಪೀಠ ಕೂರಿಸಲು ಸಂವಿಧಾನ ತಿದ್ದಬೇಕೇ?
(ವರ್ತಕರು, ಕುಶಾಲನಗರ)

ತಿದ್ದಬೇಕಾಗಿಲ್ಲ. ಸುಪ್ರೀಂ ಕೋರ್ಟು ದೆಹಲಿಯಲ್ಲಿ, ಅಥವಾ ರಾಷ್ಟ್ರಪತಿಗಳ ಒಪ್ಪಿಗೆಯೊಡನೆ ಮುಖ್ಯ ನ್ಯಾಯಮೂರ್ತಿಯವರು ಗೊತ್ತುಪಡಿಸಿದ ಬೇರೆ ಸ್ಥಳಗಳಲ್ಲಿ ಕೂಡಬಹುದೆಂದು 130ನೆಯ ವಿಧಿ 1950ರಿಂದಲೂ ಹೇಳುತ್ತಿದೆ. 1950ರಲ್ಲಿ ಹೈದರಾಬಾದಿನಲ್ಲಿಯೂ 1954ರಲ್ಲಿ ಶ್ರೀನಗರದಲ್ಲಿಯೂ ಅದು ಕುಳಿತದ್ದುಂಟು. ದೇಶದ ನಾಲ್ಕು ದಿಕ್ಕುಗಳಲ್ಲಿ ಮೇಲ್ಮನವಿ ಪೀಠಗಳಿರಲೆಂದು ಕಾನೂನು ಆಯೋಗ 2009ರ ತನ್ನ 229ನೆಯ ವರದಿಯಲ್ಲಿ ಶಿಫಾರಸು ಮಾಡಿತು. ದಾರಿ ತೆರೆದಿದೆ, ಕೀಲಿ ಮುಖ್ಯ ನ್ಯಾಯಮೂರ್ತಿಯವರ ಕೈಯಲ್ಲಿಯೇ ಇದೆ. ಆದರೆ ಒಬ್ಬರ ನಂತರ ಒಬ್ಬರಂತೆ ಬಂದವರು, ನ್ಯಾಯಾಲಯ ಹರಿದುಹಂಚಿಹೋದರೆ ಅದರ ಏಕತೆ ಕೆಡುತ್ತದೆಂಬ ಕಾರಣಕ್ಕೆ ಅದನ್ನು ತಿರುವಲು ಒಪ್ಪಿಲ್ಲ. ಆ ಭಯದಲ್ಲಿ ಹುರುಳಿಲ್ಲವೆನ್ನಲಾರೆ. ಆದರೆ ದೆಹಲಿಗೆ ಹತ್ತಿರದ ರಾಜ್ಯದವನಿಗೆ ಸಿಗುವ ಕೊನೆಯ ಮೆಟ್ಟಿಲು ಕುಟ್ಟದವನಿಗೂ ಸಂಪಾಜೆಯವನಿಗೂ ಅಷ್ಟೇ ಸುಲಭವಾಗಿ ಸಿಗುತ್ತದೆಂದು ವಾದಿಸುವವರು ರೈಲೇ ಇಲ್ಲದ ನಮ್ಮ ಜಿಲ್ಲೆಯಿಂದ ಒಮ್ಮೆ ಹೊರಟು ನೋಡಬೇಕು.

ಪೀಠ ಬರಲಿಲ್ಲ, ಪರದೆ ಬಂತು. 2020ರ ಕೊರೊನಾ ಕಾಲದಿಂದ ವಿಡಿಯೊ ಮೂಲಕ ವಾದ ಮಂಡಿಸಲು ಅವಕಾಶವಾಯಿತು, 2022ರ ಸೆಪ್ಟೆಂಬರಿನಿಂದ ಸಂವಿಧಾನ ಪೀಠದ ಕಲಾಪಗಳು ನೇರಪ್ರಸಾರವಾಗುತ್ತಿವೆ, ಅನೇಕ ತೀರ್ಪುಗಳ ಕನ್ನಡ ಅನುವಾದ ನ್ಯಾಯಾಲಯದ ಜಾಲತಾಣದಲ್ಲಿ ಸಿಗುತ್ತದೆ. ಸುಪ್ರೀಂ ಕೋರ್ಟಿಗೆ ಮೇಲ್ಮನವಿ ಸಲ್ಲಿಸಲು ಅನುಮತಿ ಕೋರುವ ತಮ್ಮ ವಿಶೇಷ ಅನುಮತಿ ಅರ್ಜಿ ದಾಖಲಾಗಿದ್ದರೆ ದೆಹಲಿಯ ವಕೀಲರಿಂದ ಡೈರಿ ಸಂಖ್ಯೆಯನ್ನು ಬರೆಸಿಕೊಂಡಿಟ್ಟುಕೊಳ್ಳಿ. ಅದೊಂದಿದ್ದರೆ ಪ್ರಕರಣ ಎಲ್ಲಿದೆ, ಮುಂದಿನ ದಿನಾಂಕ ಯಾವುದು ಎಂಬುದನ್ನು ಕುಶಾಲನಗರದಲ್ಲಿಯೇ ಕುಳಿತು ಮೊಬೈಲಿನಲ್ಲಿ ನೋಡಬಹುದು. ಆಟಿಯ ಮಳೆಯಲ್ಲಿ ಕರೆಂಟು, ನೆಟ್‌ವರ್ಕು ಎರಡೂ ಹೋದ ದಿನ ವಿಚಾರಣೆ ಬಂದರೆ ಎಂಬ ತಮ್ಮ ಪತ್ರದ ಕೊನೆಯ ಸಾಲಿನ ಆತಂಕ ನನ್ನದೂ ಹೌದು. ವಾದ ಮಾಡುವವರು ದೆಹಲಿಯಲ್ಲಿಯೇ ಇರುವ ವಕೀಲರಾದ್ದರಿಂದ ಅಂದು ತಾವು ಕಾಣಿಸದಿದ್ದರೂ ಪ್ರಕರಣಕ್ಕೆ ಕೇಡಿಲ್ಲ.